ಪೆನ್ಸಿಲ್ಲಿನಲ್ಲಿ ಬರೆದ ಎರಡು ಮೀಟರು ಹದಿನೈದು

ನನಗೆ ಬಂದ ಬಡ್ತಿಗಳ ಬಗ್ಗೆ ಹೇಳುವಂಥದ್ದು ಏನೂ ಇಲ್ಲ. ಒಂದೆರಡು ಬಂದವು, ಕುರ್ಚಿ ಬದಲಾಯಿತು, ಬೆನ್ನುನೋವು ಅದೇ ಉಳಿಯಿತು. ಗದಗ, ಬೆಟಗೇರಿ, ಶಿರಹಟ್ಟಿ, ಲಕ್ಷ್ಮೇಶ್ವರ, ಮುಂಡರಗಿ ಎಂದು ಸರ್ಕಾರ ಕಳಿಸಿದಲ್ಲೆಲ್ಲ ಹೋಗಿ ಚರಂಡಿ, ರಸ್ತೆ, ಗೋಡೆ, ಸೇತುವೆಗಳನ್ನು ಅಳೆದೆ. ಅದು ನನ್ನ ಕೆಲಸ. ಗೌಂಡಿಗಳು, ಅಂದರೆ ಗೋಡೆ ಕಟ್ಟುವವರು, ನನ್ನನ್ನು 'ಟೇಪ್ ಅಕ್ಕಾರು' ಎಂದು ಕರೆಯುತ್ತಿದ್ದರು. ನಮ್ಮ ಕಡೆ ಶಾಲೆಯ ಶಿಕ್ಷಕಿಯರಿಗೆ ಅಕ್ಕಾರು ಎನ್ನುತ್ತಾರೆ. ಸೀರೆ ಉಟ್ಟುಕೊಂಡು ತಗ್ಗಿಗೆ ಇಳಿಯುವ ಹೆಣ್ಣು ಎಂಜಿನಿಯರನ್ನು ಏನೆಂದು ಕರೆಯಬೇಕೆಂದು ಅವರಿಗೆ ಹೊಳೆಯಲಿಲ್ಲ. ಹೆಸರು ನನಗೂ ಹಿಡಿಸಿತು.

ಮೊನ್ನೆ ಹೊಸದಾಗಿ ಕೆಲಸಕ್ಕೆ ಸೇರಿದ ಒಬ್ಬ ಹುಡುಗಿ ಕೇಳಿದಳು, "ಫೀಲ್ಡಿನ್ಯಾಗ ಮೊದಲ ಏನ ಕಲೀಬೇಕ್ರಿ ಮೇಡಂ?"

"ಟೇಪಿನ ಸೊನ್ನಿ ತುದಿ ಯಾರ ಕೈಯಾಗ ಐತಿ, ಅದನ್ನ ನೋಡು" ಎಂದೆ.

ಅವಳು ನಕ್ಕಳು. ಈಗ ಗುಂಡಿ ಒತ್ತಿದರೆ ಕೆಂಪು ಬೆಳಕು ಗೋಡೆಗೆ ಬಡಿದು ಅಳತೆ ಹೇಳುವ ಯಂತ್ರ ಬಂದಿದೆ. ಮೊಬೈಲಿನಲ್ಲಿ ಫೋಟೋ ತೆಗೆದರೆ ಜಾಗ, ತಾರೀಖು, ವೇಳೆ ಎಲ್ಲ ಅದರೊಳಗೇ ಕೂತಿರುತ್ತದೆ. ನಗಲಿ ಪಾಪ. ಆದರೆ ಆ ಯಂತ್ರವನ್ನೂ ಯಾರೋ ಒಬ್ಬರು ಎಲ್ಲೋ ಒಂದು ಕಡೆ ಹಿಡಿಯಲೇಬೇಕಲ್ಲ.

ನಾನು ಆ ಪಾಠ ಕಲಿತದ್ದು ಕೆಲಸಕ್ಕೆ ಸೇರಿದ ಮೊದಲ ವಾರ, ಬೆಟಗೇರಿಯ ಒಂದು ಚರಂಡಿಯಲ್ಲಿ. ಗುತ್ತಿಗೆದಾರನ ಮೇಸ್ತ್ರಿ ಬಹಳ ವಿನಯವಂತ. "ನೀವ್ಯಾಕ ರಾಡಿ ತುಳೀತೀರಿ, ಅಲ್ಲೇ ನಿಂದರ್ರಿ" ಎಂದು ಸೊನ್ನೆಯ ತುದಿ ತಾನೇ ಹಿಡಿದು ಅತ್ತ ಕಡೆ ಓಡಿದ. ನಾನು ಇತ್ತ ನಿಂತು ಅಂಕಿ ಬರೆದುಕೊಂಡೆ. ಮೂರನೇ ಅಳತೆಗೆ ಅವನ ಮುಷ್ಟಿ ಯಾಕಿಷ್ಟು ದಪ್ಪ ಎಂದು ಅನುಮಾನ ಬಂತು. ಹೋಗಿ ಬಿಡಿಸಿ ನೋಡಿದರೆ ಒಳಗೆ ಟೇಪಿನ ಮೂರು ಮಡಿಕೆ, ಅಷ್ಟೂ ಅಳತೆಗೆ ಹೆಚ್ಚಾಗಿ ಸೇರುತ್ತಿತ್ತು. ಅಂದಿನಿಂದ ನಿವೃತ್ತಿಯ ದಿನದವರೆಗೆ ಸೊನ್ನೆಯ ತುದಿ ನನ್ನ ಕೈಯಲ್ಲೇ ಇತ್ತು, ರಾಡಿಯಾದರೂ ಸರಿ, ಮುಳ್ಳಾದರೂ ಸರಿ.

ಹಾಗೆಂದು ಬರೀ ಬೇರೆಯವರ ತಪ್ಪು ಹೇಳಿದರೆ ನ್ಯಾಯವಲ್ಲ. ಸೊರಟೂರಿನ ಕಡೆ ಹಳ್ಳಿಗಳ ಕೆಲಸ ನೋಡುತ್ತಿದ್ದಾಗ ನಾನು ಒಂದು ತಿಂಗಳು ಪೂರ್ತಿ ಸುಳ್ಳು ಅಳತೆ ಬರೆದೆ. ಬಟ್ಟೆಯ ಟೇಪಿನ ತುದಿ ಹರಿದಿತ್ತು. ಕಚೇರಿಯ ಜವಾನ ಹರಿದ ಭಾಗ ಕತ್ತರಿಸಿ, ಕೊಂಡಿಯನ್ನು ಮತ್ತೆ ಹೊಲಿದು ಕೊಟ್ಟ. ಬಹಳ ಚೆಂದ ಹೊಲಿದಿದ್ದ, ನಾನೇ ಹೊಗಳಿದ್ದೆ. ಕತ್ತರಿಸಿದ ತುಂಡಿನಲ್ಲಿ ಅರ್ಧ ಅಡಿ ಹೋಗಿತ್ತು ಎಂಬುದು ಇಬ್ಬರಿಗೂ ಹೊಳೆಯಲಿಲ್ಲ. ಎಲ್ಲ ಅಳತೆಯೂ ಅರ್ಧ ಅಡಿ ಹೆಚ್ಚು ಬರತೊಡಗಿತು. ಗುತ್ತಿಗೆದಾರರೆಲ್ಲ ನನ್ನನ್ನು ಕಂಡರೆ ಸಂತೋಷಪಡುತ್ತಿದ್ದರು. ನನ್ನ ಸ್ವಭಾವವೇ ಒಳ್ಳೆಯದು ಎಂದುಕೊಂಡಿದ್ದೆ. ಕೊನೆಗೆ ಒಂದು ಶಾಲೆಯ ಬಾಗಿಲು ಏಳು ಅಡಿ ಎಂದು ತೋರಿಸಿತು. ಆ ಚೌಕಟ್ಟನ್ನು ಆರೂವರೆ ಅಡಿಗೆ ಮಾಡಿಸಿದವಳೇ ನಾನು.

ನನ್ನ ಮೇಲಿನವರು ಆಗ ದೇಸಾಯಿ ಸಾಹೇಬರು. ಹೆದರುತ್ತ ಹೋಗಿ ಅಳತೆ ಪುಸ್ತಕವನ್ನೂ ಟೇಪನ್ನೂ ಅವರ ಮೇಜಿನ ಮೇಲಿಟ್ಟೆ. ಅಳತೆ ಪುಸ್ತಕ ಎಂದರೆ ನಮ್ಮ ಇಲಾಖೆಯ ಪ್ರಾಣ. ಕಟ್ಟಿದ ಗೋಡೆ ಕಣ್ಣೆದುರಿಗೇ ನಿಂತಿದ್ದರೂ ಕಚೇರಿ ಅದನ್ನು ನಂಬುವುದಿಲ್ಲ, ಪುಸ್ತಕದಲ್ಲಿದ್ದರೆ ಮಾತ್ರ ನಂಬುತ್ತದೆ. ಸಾಹೇಬರು ಟೇಪನ್ನು ತಿರುಗಿಸಿ ತಿರುಗಿಸಿ ನೋಡಿ ಜೋರಾಗಿ ನಕ್ಕರು. ಆಮೇಲೆ ಮುಖ ಗಂಭೀರ ಮಾಡಿಕೊಂಡು ಹೇಳಿದರು:

"ಅಳತಿ ತಪ್ಪೂದು ಎಲ್ಲಾರಿಗೂ ಆಗ್ತೈತಿ. ಆದ್ರ ಈ ಪುಸ್ತಕದಾಗ ರಬ್ಬರ್ ಮಾತ್ರ ಹಚ್ಚಬ್ಯಾಡವಾ. ತಪ್ಪಿನ ಮ್ಯಾಲ ಒಂದ ಗೆರಿ ಹೊಡಿ, ಖರೆ ಅಂಕಿ ಮ್ಯಾಲ ಬರಿ, ಬಾಜೂಕ ಸಹಿ ಮಾಡು. ತಪ್ಪೂ ಕಾಣಬೇಕು, ತಿದ್ದಿದ್ದೂ ಕಾಣಬೇಕು."

ಮರುದಿನದಿಂದ ಅವರೂ ನನ್ನ ಜೊತೆ ಬಿಸಿಲಲ್ಲಿ ನಡೆದು ಎಲ್ಲ ಕೆಲಸಗಳನ್ನೂ ಮತ್ತೆ ಅಳೆಯಿಸಿದರು. ಬೈಯಲಿಲ್ಲ. ಅಂಥ ಮೇಲಧಿಕಾರಿ ಮತ್ತೆ ಸಿಗಲಿಲ್ಲ. ಅವರ ಆ ಒಂದು ಮಾತನ್ನು ಇಪ್ಪತ್ತು ವರ್ಷಕ್ಕೂ ಹೆಚ್ಚು ಕಾಲ ಪಾಲಿಸಿ, ಕೊನೆಯಲ್ಲಿ ಒಮ್ಮೆ ಮೀರಿದೆ. ಈಗ ಅದನ್ನೇ ಹೇಳಹೊರಟಿದ್ದೇನೆ.

ಆ ಊರಿನ ಹೆಸರು ಹೇಳುವುದಿಲ್ಲ. ನಾನು ಆಗ ಕೆಲಸ ಮಾಡುತ್ತಿದ್ದ ಒಂದು ಪುರಸಭೆ ಎಂದಷ್ಟೇ ತಿಳಿಯಿರಿ. ಊರ ಹಳ್ಳದ ದಂಡೆ ಕುಸಿದು ಶಾಲೆಯ ಅಂಗಳ ಕೊಚ್ಚಿಹೋಗುತ್ತಿತ್ತು. ದಂಡೆಗೆ ಕಲ್ಲಿನ ತಡೆಗೋಡೆ ಕಟ್ಟುವ ಕೆಲಸ ಬೆಳ್ಳಟ್ಟಿಯ ಇಮಾಮಸಾಬನಿಗೆ ಸಿಕ್ಕಿತು. ಅವನು ಮೂಲತಃ ಗೌಂಡಿ, ಅವನ ತಂದೆಯೂ ಗೌಂಡಿ. ಕೈಯಲ್ಲಿ ಕರಣಿ ಹಿಡಿದು ಬೆಳೆದು, ನಲವತ್ತು ದಾಟಿದ ಮೇಲೆ ಗುತ್ತಿಗೆದಾರನಾದವನು. ಬೇರೆ ಗುತ್ತಿಗೆದಾರರು ಜೀಪಿನಿಂದ ಇಳಿಯುತ್ತಿರಲಿಲ್ಲ, ಇವನು ತಗ್ಗಿನಿಂದ ಮೇಲೆ ಹತ್ತುತ್ತಿರಲಿಲ್ಲ.

ಅಂದಾಜು ಪಟ್ಟಿಯಲ್ಲಿ ಅಡಿಪಾಯದ ಆಳ ಒಂದು ಮೀಟರು ಇಪ್ಪತ್ತು ಸೆಂಟಿಮೀಟರು ಎಂದಿತ್ತು. ಅಷ್ಟು ಅಗೆದ ದಿನ ಇಮಾಮಸಾಬ ನನ್ನನ್ನು ಕರೆಸಿದ. ತಗ್ಗಿನಲ್ಲಿ ನಿಂತು ಹಾರೆಯನ್ನು ನೆಲಕ್ಕೆ ಇಟ್ಟು, ಮೈಭಾರ ಬಿಟ್ಟ. ಹಾರೆ ಸಲೀಸಾಗಿ ಒಳಗಿಳಿಯಿತು.

"ನೋಡ್ರಿ ಅಕ್ಕಾರ, ಎರಿ ಇನ್ನೂ ಐತಿ. ಇದರ ಮ್ಯಾಲ ಗ್ವಾಡಿ ಎಬ್ಬಿಸಿದ್ರ ಎರಡ ಮಳಿಗಾಲ ನಿಲ್ಲೂದಿಲ್ಲ. ಸಾಲಿ ಹುಡುಗ್ರು ಇದರ ಮ್ಯಾಲ ಕುಂಡ್ರತಾವ್ರಿ."

ಎರೆಮಣ್ಣಿನ ಸ್ವಭಾವ ನನಗೆ ಹೇಳಿಕೊಡಬೇಕಿರಲಿಲ್ಲ. ನಾನು ಕುರ್ತಕೋಟಿಯವಳು. ಬೇಸಿಗೆಯಲ್ಲಿ ಕೈ ಹೋಗುವಷ್ಟು ಬಿರಿಯುತ್ತದೆ, ಮಳೆಗೆ ಉಬ್ಬುತ್ತದೆ, ಮೇಲಿಟ್ಟದ್ದನ್ನೆಲ್ಲ ಅಲುಗಾಡಿಸುತ್ತದೆ. ಕೆಳಗೆ ಗರಸು, ಅಂದರೆ ಕಲ್ಲು ಬೆರೆತ ಗಟ್ಟಿ ನೆಲ, ಸಿಗುವವರೆಗೆ ಇಳಿಯಲೇಬೇಕು. ಮೇಲಧಿಕಾರಿಗೆ ಫೋನ್ ಮಾಡಿದೆ. "ಇಳಸಾಕ ಹೇಳ್ರಿ, ಹೆಚ್ಚಿನ ಕೆಲಸಕ್ಕ ಆಮ್ಯಾಲ ಮಂಜೂರಿ ತಗೋಳೂನು" ಎಂದರು. ಬರೆದು ಕೊಡಿ ಎಂದು ನಾನು ಕೇಳಲಿಲ್ಲ. ಮಳೆಗಾಲ ತಲೆಯ ಮೇಲೆ ಬಂದಿತ್ತು, ಕಾಗದಕ್ಕೆ ಕಾಯುತ್ತ ಕೂತರೆ ತಗ್ಗಿನಲ್ಲಿ ನೀರು ನಿಲ್ಲುತ್ತಿತ್ತು.

ಇಮಾಮಸಾಬ ಇಳಿಸಿದ. ಗರಸು ಸಿಕ್ಕಿದ್ದು ಎರಡು ಮೀಟರು ಹದಿನೈದಕ್ಕೆ, ಗೌಂಡಿಗಳ ಲೆಕ್ಕದಲ್ಲಿ ಏಳು ಅಡಿ. ನಾನೇ ಸೊನ್ನೆ ಹಿಡಿದು ಈ ತುದಿ, ಆ ತುದಿ, ನಡುವೆ ಎಂದು ಅಳೆದೆ. ಎಲ್ಲ ಕಡೆ ಅದೇ. ಹಳ್ಳ ತಿರುಗುವ ಮೂಲೆಯಲ್ಲಿ ಮಾತ್ರ ಸ್ವಲ್ಪ ಅಗೆತ ಬಾಕಿ ಇತ್ತು. ಸಂಜೆಯಾಗಿತ್ತು, ಗದಗಿನ ಬಸ್ಸು ಹೊರಡುವ ಹೊತ್ತು. ಅಲ್ಲಿಯೂ ಇಷ್ಟೇ ಬರುತ್ತದೆ ಎಂದು ಹೇಳಿ ಟೇಪು ಸುತ್ತಿ ಹೊರಟೆ.

ಪುಸ್ತಕದಲ್ಲಿ ಮಂಜೂರಾಗಿದ್ದ ಒಂದು ಇಪ್ಪತ್ತನ್ನು ಶಾಯಿಯಲ್ಲಿ ಬರೆದೆ. ಅದರ ಪಕ್ಕ ಎರಡು ಹದಿನೈದನ್ನು ಪೆನ್ಸಿಲ್ಲಿನಲ್ಲಿ ಬರೆದೆ. ನಮ್ಮಲ್ಲಿ ಇದು ವಾಡಿಕೆ. ಮಂಜೂರಿ ಬಂದ ಮೇಲೆ ಪೆನ್ಸಿಲ್ಲಿನ ಮೇಲೆ ಶಾಯಿ ಹರಿಸುತ್ತೇವೆ. ನಿಯಮದಲ್ಲಿ ಇಲ್ಲ, ಎಲ್ಲರೂ ಮಾಡುತ್ತೇವೆ. ಹೊಸಬರೇ, ಮಾಡಬೇಡಿ.

ಗೋಡೆ ಎದ್ದಿತು, ಮಣ್ಣು ತುಂಬಿತು, ಆಳ ನೆಲದೊಳಗೆ ಮರೆಯಾಯಿತು. ಫೋನಿನಲ್ಲಿ ಹೇಳಿದ್ದ ಅಧಿಕಾರಿಗೆ ವರ್ಗವಾಯಿತು. ಮಂಜೂರಿ ಬರಲಿಲ್ಲ. ಮೇಲಿನ ಒಂದು ಇಪ್ಪತ್ತರ ಬಿಲ್ಲು ಸಂದಿತು, ಕೆಳಗಿನದು ನಿಂತಿತು. ಹೊಸ ಅಧಿಕಾರಿ ಬಂದ ಕೂಡಲೇ ಆಡಿಟ್ಟಿನ ಸುದ್ದಿ ಬಂತು. ನನ್ನನ್ನು ಒಳಗೆ ಕರೆದು ಪುಟ ತೋರಿಸಿದರು.

"ಇದೇನಿದು ಪೆನ್ಸಿಲ್ಲು? ಆರ್ಡರ್ ಎಲ್ಲೈತಿ? ಆಡಿಟ್‌ನವ್ರು ಇದನ್ನ ನೋಡಿದ್ರ ನಿಮ್ಮನ್ನೂ ಬಿಡೂದಿಲ್ಲ, ನನ್ನನ್ನೂ ಬಿಡೂದಿಲ್ಲ. ಅಳಸ್ರಿ."

ಹಿಂದಿನ ಅಧಿಕಾರಿಗೆ ಫೋನ್ ಮಾಡಿದೆ. "ನನಗ ನೆನಪಿಲ್ಲವಾ" ಎಂದರು. ನಾನು ನನ್ನ ಕುರ್ಚಿಗೆ ಹೋಗಿ ಕೂತು, ಡ್ರಾವರಿನಿಂದ ರಬ್ಬರ್ ತೆಗೆದು ಅಳಿಸಿದೆ. ಒತ್ತಿ ಬರೆಯುವ ಅಭ್ಯಾಸ ನನ್ನದು, ಜಲ್ದಿ ಹೋಗಲಿಲ್ಲ. ಕಾಗದ ಸವೆಯುವಷ್ಟು ತಿಕ್ಕಿದೆ. ಅವತ್ತು ಯಾರೂ ನನ್ನ ಕೈ ಹಿಡಿದು ಅಳಿಸಿದ್ದಲ್ಲ. ಹೆದರಿದ್ದೆ, ಅಷ್ಟೇ. ಇಷ್ಟು ವರ್ಷದ ನನ್ನ ಕೆಲಸದಲ್ಲಿ ನಾಚಿಕೆಪಡುವ ದಿನ ಅದೊಂದು.

ಇಮಾಮಸಾಬ ಎರಡು ವರ್ಷ ಅರ್ಜಿ ಹಿಡಿದು ಕಚೇರಿಗೆ ತಿರುಗಿದ. ಕಾಂಕ್ರೀಟ್ ಕಲಸುವ ಯಂತ್ರ ಮಾರಿದ, ಗೌಂಡಿಗಳ ಕೂಲಿ ತೀರಿಸಿದ. ಕಡೆಗೆ ಕೋರ್ಟಿಗೆ ಹೋದ. ಪುರಸಭೆ ಲಿಖಿತ ಉತ್ತರ ಸಲ್ಲಿಸಿತು: ಅಂಥ ಹೆಚ್ಚುವರಿ ಕೆಲಸ ನಡೆದೇ ಇಲ್ಲ, ವಾದಿ ಸುಳ್ಳು ಬಿಲ್ಲು ಹುಟ್ಟಿಸಿದ್ದಾನೆ. ಪುರಸಭೆಯ ಪರ ಸಾಕ್ಷಿ ಹೇಳಲು ಅಳತೆ ಬರೆದವಳಾದ ನನ್ನ ಹೆಸರು ಕೊಟ್ಟರು. ನಿವೃತ್ತಿಗೆ ಒಂದೂವರೆ ವರ್ಷ ಉಳಿದಿತ್ತು.

ಸಾಕ್ಷಿಯ ದಿನಕ್ಕೆ ವಾರವಿದೆ ಎನ್ನುವಾಗ ಇಮಾಮಸಾಬ ಕಚೇರಿಗೆ ಬಂದ. ಅವನು ಬಾಗಿಲಲ್ಲಿ ಕಂಡರೆ ನಾನು ಫೈಲಿನಲ್ಲಿ ತಲೆ ಹುದುಗಿಸುವುದು ರೂಢಿಯಾಗಿತ್ತು. ಅವತ್ತು ನೇರವಾಗಿ ಮೇಜಿನ ಮುಂದೆ ಬಂದು ನಿಂತ.

"ಕುಂಡ್ರು ಇಮಾಮಸಾಬ" ಎಂದೆ.

"ಕುಂಡ್ರೂದಿಲ್ರಿ. ರೊಕ್ಕಾ ತಡಾ ಆದ್ರ ಆಗ್ಲಿ, ತಡಕೊಂಡೇನಿ. ಆದ್ರ 'ಕೆಲಸಾನ ಮಾಡಿಲ್ಲ, ಸುಳ್ಳ ಬಿಲ್ಲು' ಅಂತ ಕೋರ್ಟಿಗೆ ಬರಕೊಟ್ಟಾರ್ರಿ. ನಮ್ಮ ಗೌಂಡಿಗೋಳು ಅದನ್ನ ಓದಿಸಿ ಕೇಳಿದ್ರು. ಅವರ ಮುಂದ ನಾ ಹ್ಯಾಂಗ ತಲಿ ಎತ್ತಲಿ?" ಹೊರಡಲು ತಿರುಗಿದವನು ಮತ್ತೆ ಹೇಳಿದ, "ನೀವು ಹಿಂಗ ಹೇಳ್ರಿ, ಹಂಗ ಹೇಳ್ರಿ ಅಂತ ಹೇಳಾಕ ಬಂದಿಲ್ಲ. ನಿಮ್ಮ ಸಂಸಾರ ನಿಮಗೈತಿ. ಇಷ್ಟ ನಿಮ್ಮ ಕಿವಿಗೆ ಹಾಕಿ ಹೋಗೂನು ಅಂತ ಬಂದೆ."

ಹೋದ. ಟೀ ಬೇಕೇ ಎಂದು ಸಹ ನಾನು ಕೇಳಲಿಲ್ಲ ಎಂದು ಆಮೇಲೆ ನೆನಪಾಯಿತು.

ಕೋರ್ಟಿನ ಹೊರಗೆ ಪುರಸಭೆಯ ವಕೀಲರು ನನಗೆ ತಯಾರಿ ಮಾಡಿಸಿದರು. "ಪುಸ್ತಕದಾಗ ಎಷ್ಟೈತಿ ಅಷ್ಟ ಹೇಳ್ರಿ ಮೇಡಂ. ಅದು ಸುಳ್ಳಲ್ಲಲ್ಲ?" ಅವರು ಒಳ್ಳೆಯವರೇ, ತಮ್ಮ ಕೆಲಸ ತಾವು ಮಾಡುತ್ತಿದ್ದರು. ಕಟಕಟೆಯಲ್ಲಿ ನಿಂತು ಅವರ ಪ್ರಶ್ನೆಗಳಿಗೆ ಉತ್ತರ ಕೊಟ್ಟೆ. ಹೌದು, ಇದು ನನ್ನ ಅಕ್ಷರ. ಹೌದು, ಪುಸ್ತಕದಲ್ಲಿರುವ ಆಳ ಒಂದು ಮೀಟರು ಇಪ್ಪತ್ತು.

ಇಮಾಮಸಾಬನ ಪರ ಗದಗಿನ ಒಬ್ಬ ವಕೀಲೆ ಇದ್ದರು. ಅವರು ಪುಸ್ತಕವನ್ನು ಕಿಟಕಿಯ ಬೆಳಕಿಗೆ ಹಿಡಿದು ನೋಡಿ ನನ್ನ ಹತ್ತಿರ ತಂದರು.

"ಈ ಅಂಕಿ ಬಾಜೂಕ ಕಾಗದಾ ಸವದೈತಲ್ರಿ. ಯಾಕ?"

ಅದು ಕತ್ತಲಲ್ಲಿ ಎಸೆದ ಕಲ್ಲು, ಅವರಿಗೂ ಉತ್ತರ ಗೊತ್ತಿರಲಿಲ್ಲ. ಹಳೆಯ ಪುಸ್ತಕ, ಸವೆದಿರಬಹುದು ಎಂದಿದ್ದರೆ ಅಲ್ಲಿಗೇ ಮುಗಿಯುತ್ತಿತ್ತು. ಇಮಾಮಸಾಬ ಹಿಂದಿನ ಬೆಂಚಿನಲ್ಲಿ ಟೋಪಿ ಸರಿಮಾಡಿಕೊಳ್ಳುತ್ತ ನೆಲ ನೋಡುತ್ತಿದ್ದ. ನನಗೆ ದೇಸಾಯಿ ಸಾಹೇಬರ ಮಾತು ನೆನಪಾಯಿತು. ತಪ್ಪೂ ಕಾಣಬೇಕು, ತಿದ್ದಿದ್ದೂ ಕಾಣಬೇಕು.

"ಅಲ್ಲಿ ಪೆನ್ಸಿಲ್ಲಿನಲ್ಲಿ ಎರಡು ಮೀಟರು ಹದಿನೈದು ಎಂದಿತ್ತು. ಅದೇ ನಿಜವಾದ ಆಳ. ಇಳಿಸಲು ಹೇಳಿದವಳೂ ನಾನೇ, ಅಳೆದವಳೂ ನಾನೇ, ಅಳಿಸಿದವಳೂ ನಾನೇ."

ನ್ಯಾಯಾಧೀಶರು ಬರೆಯುವುದನ್ನು ನಿಲ್ಲಿಸಿ ಕೇಳಿದರು, "ಈಗ ನೀವು ಹೇಳುವುದಕ್ಕೆ ಆಧಾರ ಏನು?"

"ಗೋಡೆ ಅಲ್ಲೇ ಇದೆ ಸ್ವಾಮಿ. ಅಗೆದು ನೋಡಬಹುದು."

ಅಗೆದು ನೋಡಲು ಕೋರ್ಟು ಒಬ್ಬ ನಿವೃತ್ತ ಎಂಜಿನಿಯರನ್ನು ಕಮಿಷನರ್ ಆಗಿ ನೇಮಿಸಿತು. ಮೂರು ಕಡೆ ಗುಂಡಿ ತೆಗೆಯಬೇಕು: ಒಂದು ವಾದಿ ತೋರಿಸಿದ ಕಡೆ, ಒಂದು ಕಮಿಷನರು ಆರಿಸಿದ ಕಡೆ, ಒಂದು ಪುರಸಭೆಯವರು ಹೇಳಿದ ಕಡೆ. ಪುರಸಭೆಯ ವಕೀಲರು ಹಿಂದೆ ಮುಂದೆ ನೋಡದೆ ಹಳ್ಳ ತಿರುಗುವ ಮೂಲೆಯನ್ನು ತೋರಿಸಿದರು. "ಕಳ್ಳತನಾ ಮಾಡಿದ್ರ ಕಣ್ಣಿಗೆ ಬೀಳದ ಮೂಲ್ಯಾಗ ಮಾಡಿರ್ತಾರ" ಎಂದರು. ಅದೊಂದು ಕಡೆ ನಾನು ಟೇಪು ಹಿಡಿದಿರಲಿಲ್ಲ.

ಅಗೆತದ ದಿನ ಅರ್ಧ ಊರು ಹಳ್ಳದ ದಂಡೆಯಲ್ಲಿತ್ತು. ಶಾಲೆಯ ಗಂಟೆ ಬಾರಿಸಿದ್ದನ್ನು ಯಾರೂ ಕೇಳಿಸಿಕೊಳ್ಳಲಿಲ್ಲ. ಮೊದಲ ಗುಂಡಿ: ಎರಡು ಹದಿನೈದು. ಕಮಿಷನರು ಸೊನ್ನೆಯ ತುದಿಯನ್ನು ತಾವೇ ಹಿಡಿದದ್ದು ನೋಡಿ ನನಗೆ ಅವರ ಮೇಲೆ ಗೌರವ ಬಂತು. ಎರಡನೇ ಗುಂಡಿ: ಎರಡು ಹದಿನೈದು, ಒಂದು ಸೆಂಟಿಮೀಟರೂ ಆಚೀಚೆ ಇಲ್ಲ. ಅವರು ತಲೆ ಎತ್ತಿ, "ಯಾರ ಅಳತಿರೀ ಇದು?" ಎಂದರು. ನನ್ನದು ಎಂದೆ. ಯಾವ ಬಡ್ತಿಯ ಆದೇಶ ಓದಿದಾಗಲೂ ನನಗೆ ಅಂಥ ಹಿಗ್ಗು ಆಗಿರಲಿಲ್ಲ. ಅಳಿಸಿದ ಅಂಕಿ ನೆಲದಲ್ಲಿ ಅಳಿಸದೇ ಕೂತಿತ್ತು.

ಮೂರನೇ ಗುಂಡಿ, ಮೂಲೆ. ಒಂದು ಇಪ್ಪತ್ತು ದಾಟಿತು, ಕಲ್ಲು ಇತ್ತು. ಎರಡು ದಾಟಿತು, ಕಲ್ಲು ಇತ್ತು. ಎರಡು ಹದಿನೈದಕ್ಕೆ ನಾನು ಉಸಿರು ಬಿಟ್ಟೆ. ಆದರೆ ಗೋಡೆ ಅಲ್ಲಿ ನಿಲ್ಲಲಿಲ್ಲ. ಅಗೆಯುವವರು ಇನ್ನೂ ಇಳಿದರು, ಕಲ್ಲು ಇನ್ನೂ ಇಳಿಯಿತು. ಎರಡು ಮೀಟರು ಎಪ್ಪತ್ತಕ್ಕೆ ಹಾರೆ ಠಣ್ ಎಂದಿತು. ಗರಸು. ಪುರಸಭೆಯ ವಕೀಲರು ಕನ್ನಡಕ ತೆಗೆದು ಒರೆಸಿಕೊಂಡರು. ದಂಡೆಯ ಮೇಲಿದ್ದ ಗೌಂಡಿಗಳಲ್ಲಿ ಒಬ್ಬ ಜೋರಾಗಿ ಕೂಗಿದ, "ಈಗ ಬರಕೋರ್ರಿ, ಸುಳ್ಳ ಬಿಲ್ಲು!" ಇಮಾಮಸಾಬ ಅವನತ್ತ ತಿರುಗಿ, "ಸುಮ್ಮಕಿರಲೇ" ಎಂದು ಗದರಿದ. ನಾನು ಅವನ ಮುಖವನ್ನೇ ನೋಡಿದೆ. ಅವನು ನನ್ನ ಕಡೆ ನೋಡಲಿಲ್ಲ.

ತೀರ್ಪು ಅವನ ಪರವಾಗಿ ಬಂತು, ಬಡ್ಡಿ ಸಹಿತ. ಅವನು ಕೇಳಿದ್ದು ಎರಡು ಹದಿನೈದರ ಲೆಕ್ಕಕ್ಕೆ, ಅಷ್ಟೇ ಸಿಕ್ಕಿತು. ಮೂಲೆಯ ಹೆಚ್ಚಿನ ಆಳವನ್ನು ದಾವೆಯಲ್ಲಿ ಕೇಳಿರಲಿಲ್ಲವಾದ್ದರಿಂದ ಕೊಡಲು ಬರುವಂತಿರಲಿಲ್ಲ. ವಾದಿ ತಾನು ಮಾಡಿದ್ದಕ್ಕಿಂತ ಕಡಿಮೆ ಕೇಳಿದ್ದಾನೆ ಎಂದು ತೀರ್ಪಿನಲ್ಲಿ ಒಂದು ಸಾಲು ಇತ್ತು. ಗೌಂಡಿಗಳು ಆ ಸಾಲನ್ನು ಎರಡು ಸಲ ಓದಿಸಿದರಂತೆ. ಆಮೇಲೂ ಪುರಸಭೆ ಹಣ ಕಟ್ಟಲಿಲ್ಲ. ಕೋರ್ಟಿನ ಬೇಲೀಫ್ ಜಪ್ತಿ ಆದೇಶ ಹಿಡಿದು ಬಂದು ಜೀಪು, ಕಂಪ್ಯೂಟರು, ಕುರ್ಚಿಗಳ ಪಟ್ಟಿ ಮಾಡಿದ ಮೇಲೆ ಒಂದೇ ದಿನದಲ್ಲಿ ಚೆಕ್ಕು ಬಂತು. ಪಟ್ಟಿಯಲ್ಲಿ ನನ್ನ ಕುರ್ಚಿಯೂ ಇತ್ತು. ಅದರ ಒಂದು ಕಾಲು ಮುರಿದದ್ದು ಪಾಪ ಬೇಲೀಫನಿಗೆ ಗೊತ್ತಿರಲಿಲ್ಲ.

ಅಳತೆ ಪುಸ್ತಕದಲ್ಲಿ ಅಳಿಸಿದ್ದಕ್ಕೆ ನನಗೆ ನೋಟಿಸು ಬಂತು, ಒಂದು ವಾರ್ಷಿಕ ವೇತನ ಬಡ್ತಿ ತಡೆದರು. ಸರಿಯಾದ ಶಿಕ್ಷೆಯೇ. ಆ ಕಾಗದವನ್ನು ಬೀಳ್ಕೊಡುಗೆಯ ಶಾಲಿನ ಜೊತೆ ಒಂದೇ ಪೆಟ್ಟಿಗೆಯಲ್ಲಿ ಇಟ್ಟಿದ್ದೇನೆ. ಎರಡರಲ್ಲಿ ಯಾವುದು ಹೆಚ್ಚಿನದು ಎಂದು ಕೇಳಿದರೆ ಕಾಗದ ಎನ್ನುತ್ತೇನೆ.

ನಿವೃತ್ತಿಯ ಮರುತಿಂಗಳು ಬೆಳ್ಳಟ್ಟಿಗೆ ಹೋದೆ. ಇಮಾಮಸಾಬ ಹೊಸ ಯಂತ್ರ ತಂದಿದ್ದ, ಅದರ ಚಕ್ರಕ್ಕೆ ಎಣ್ಣೆ ಬಿಡುತ್ತಿದ್ದ. ಟೀ ಕುಡಿದು, ಅಷ್ಟು ದಿನ ಒಳಗೇ ಕೊರೆಯುತ್ತಿದ್ದುದನ್ನು ಕೇಳಿದೆ.

"ಆ ಮೂಲ್ಯಾಗ ಎರಡು ಎಪ್ಪತ್ತು ಇಳಿಸಿದ್ದಿ. ನನಗ ಹೇಳಲಿಲ್ಲ, ವಕೀಲರಿಗೂ ಹೇಳಲಿಲ್ಲ. ಯಾಕ?"

ಅವನು ಎಣ್ಣೆಯ ಡಬ್ಬಿಯನ್ನು ಕೆಳಗಿಟ್ಟ.

"ಅಲ್ಲಿ ಗರಸು ಸಿಗಲಿಲ್ರಿ, ಇಳದೆ. ಮರುದಿನ ಕಲ್ಲು ಕೂಡ್ರಿಸಿಬಿಟ್ಟೆ. ನೀವು ಅವತ್ತ ಟೇಪು ಸುತ್ತಿ ಚೀಲದಾಗ ಇಟ್ಟಿದ್ರಿ. ಬಸ್ಸಿಗೆ ಹೊತ್ತಾಗಿತ್ತು. ಮತ್ತ ಬಿಚ್ಚರಿ ಅನ್ನಾಕ ಮನಸ್ಸಾಗಲಿಲ್ಲ. ಆಮ್ಯಾಲ ನೀವು ಎರಡು ಹದಿನೈದು ಅಂತ ಬರದ್ರಿ. ಟೇಪ್ ಅಕ್ಕಾರ ಅಳತಿ ತಪ್ಪೈತಿ ಅಂತ ನಾ ಹ್ಯಾಂಗ ಅನ್ನಲಿ?"

ಎರಡು ಗುಂಡಿಯ ಬಳಿ ಹಿಗ್ಗಿ ನಿಂತವಳು ನಾನು. ಮೂರನೆಯದರ ನಷ್ಟವನ್ನು ಅವನು ಬಾಯಿಬಿಡದೆ ಹೊತ್ತಿದ್ದ, ಅದೂ ನನ್ನ ಒಂದು ಬಸ್ಸಿಗಾಗಿ. ಕಣ್ಣು ತುಂಬಿ ಬಂದವು, ಮುಚ್ಚಿಕೊಳ್ಳಲು ಹೋಗಲಿಲ್ಲ. ಅದರ ಬೆಲೆ ಎಷ್ಟಾಗುತ್ತದೋ ನಾನು ಕೊಡುತ್ತೇನೆ ಎಂದೆ. ಅವನು ನಕ್ಕುಬಿಟ್ಟ.

"ನೀವು ರಿಟೈರ್ ಆಗೀರಿ, ಬಿಲ್ಲು ಪಾಸು ಮಾಡಾಕ ಬರೂದಿಲ್ಲ. ಬೇಕಾದ್ರ ಬರದ ಕೊಡ್ರಿ, ಸಾಕು."

ಚೀಲದಿಂದ ಒಂದು ಹಾಳೆ ತೆಗೆದೆ. ಅಳತೆ ಪುಸ್ತಕದಲ್ಲಿ ಬರೆಯುವ ಹಾಗೆಯೇ ಗೆರೆ ಎಳೆದು, ಹಳ್ಳದ ಮೂಲೆ, ಆಳ ಎಂದು ಬರೆದೆ. ಮೊದಲು ಎರಡು ಹದಿನೈದು ಎಂದು ಬರೆದು ಅದರ ಮೇಲೆ ಒಂದು ಗೆರೆ ಹೊಡೆದೆ. ಮೇಲೆ ಎರಡು ಎಪ್ಪತ್ತು ಎಂದು ತಿದ್ದಿ, ಪಕ್ಕದಲ್ಲಿ ಸಹಿ ಮಾಡಿದೆ. ಇಮಾಮಸಾಬ ಎಣ್ಣೆಯ ಕೈಯನ್ನು ಲುಂಗಿಗೆ ಒರೆಸಿಕೊಂಡು ಹಾಳೆ ತೆಗೆದುಕೊಂಡ, ಬಿಸಿಲಿಗೆ ಹಿಡಿದು ನೋಡಿದ.

"ಪೆನ್ನಿಲೆ ಬರದೀರಿ" ಎಂದ.